ಕ್ರಿಯಾಪದ ಬರುವ ಮುಂಚೆಯೇ

‘ಹುಲಿ ಕೊಂದ ಸಳ’ ಎಂದು ಓದಿದ ಕೂಡಲೇ ಬೇಲೂರಿನ ಗುಡಿಯಲ್ಲಿ ಮೃಗದೊಡನೆ ಸೆಣಸುತ್ತಿರುವ ವೀರನ ಶಿಲ್ಪ ಕಣ್ಣಿಗೆ ಕಟ್ಟುತ್ತದೆ. ಕೊಂದವನು ಸಳ, ಸತ್ತದ್ದು ಹುಲಿ. ಯಾರಿಗೂ ಅನುಮಾನ ಬರುವುದಿಲ್ಲ. ‘ಹುಲಿ ಕೊಂದ ಹಸು’ ಎಂದರೆ ಸತ್ತದ್ದು ಹಸು. ಅದರಲ್ಲೂ ಅನುಮಾನವಿಲ್ಲ. ಇನ್ನು ‘ಹುಲಿ ಕೊಂದ ಮನುಷ್ಯ’ ಎನ್ನಿ. ಈಗ ಮನಸ್ಸು ತುಸು ತಡವರಿಸುತ್ತದೆ. ಕಾಡಂಚಿನ ಊರಿನಿಂದ ಬಂದ ಸುದ್ದಿಯಾದರೆ ಒಂದು ಅರ್ಥ, ಹಳೆಯ ಬೇಟೆಗಾರನ ಕಥೆಯಾದರೆ ಇನ್ನೊಂದು.

ಮೂರೂ ಕಡೆ ಪದಗಳ ಜೋಡಣೆ ಒಂದೇ. ವ್ಯಾಕರಣ ಒಂದೇ. ‘ಹುಲಿಯನ್ನು ಕೊಂದ’ ಎಂದು ದ್ವಿತೀಯಾ ವಿಭಕ್ತಿ ಹಚ್ಚಿದ್ದರೆ ಗೊಂದಲಕ್ಕೆ ಎಡೆಯೇ ಇರುತ್ತಿರಲಿಲ್ಲ. ಆದರೆ ಮಾತನಾಡುವಾಗ, ಶೀರ್ಷಿಕೆ ಕೊಡುವಾಗ ನಾವು ‘ಅನ್ನು’ವನ್ನು ಧಾರಾಳವಾಗಿ ಬಿಡುತ್ತೇವೆ. ಬಿಟ್ಟದ್ದನ್ನು ಕೇಳುಗನ ತಲೆ ತುಂಬಿಕೊಳ್ಳುತ್ತದೆ. ಯಾವುದರಿಂದ ತುಂಬಿಕೊಳ್ಳುತ್ತದೆ ಎಂದರೆ, ಲೋಕದ ಅರಿವಿನಿಂದ. ಸಳನ ಕಥೆ ಗೊತ್ತು, ಹಸು ಹುಲಿಯನ್ನು ಕೊಲ್ಲುವುದಿಲ್ಲವೆಂದು ಗೊತ್ತು. ವಾಕ್ಯವೊಂದು ಅರ್ಥವಾಗುವಾಗ ಎರಡು ಬಗೆಯ ತಿಳಿವಳಿಕೆ ಒಟ್ಟಿಗೆ ಕೆಲಸ ಮಾಡುತ್ತಿರುತ್ತವೆ: ಪ್ರತ್ಯಯ, ಪದಕ್ರಮಗಳನ್ನು ನೋಡಿ ಯಾರು ಯಾರಿಗೆ ಏನು ಮಾಡಿದರು ಎಂದು ಹೇಳುವ ವ್ಯಾಕರಣ ಒಂದು, ಏನು ನಡೆದೀತು, ಏನು ನಡೆಯಲಾರದು ಎಂಬ ಲೋಕಾನುಭವ ಇನ್ನೊಂದು. ಆರೋಗ್ಯವಾಗಿರುವಾಗ ಇವೆರಡೂ ಬೇರೆ ಬೇರೆ ಎಂಬುದು ನಮ್ಮ ಗಮನಕ್ಕೇ ಬರುವುದಿಲ್ಲ. ಒಂದು ಕೈಕೊಟ್ಟಾಗ ಮಾತ್ರ ತಿಳಿಯುತ್ತದೆ. ಹಾಗೆ ಒಂದು ಕೈಕೊಟ್ಟವರ ವಿಷಯಕ್ಕೆ ಬರಲೆಂದೇ ಈ ಲೇಖನ. ಅದಕ್ಕೂ ಮುಂಚೆ, ಸರಿಯಾಗಿರುವ ಮಿದುಳು ಏನು ಮಾಡುತ್ತದೆ ಎಂಬುದನ್ನು ನೋಡಬೇಕು.

ಕಾಲು ಸೆಕೆಂಡಿನ ಅಂತರ

ವಾಕ್ಯ ಮುಗಿಯುವ ತನಕ ಕಾದು, ಪದಗಳನ್ನೆಲ್ಲ ಒಟ್ಟುಗೂಡಿಸಿ, ಆಮೇಲೆ ಅರ್ಥ ಮಾಡಿಕೊಳ್ಳುತ್ತೇವೆ ಎಂದು ಯಾರಾದರೂ ಭಾವಿಸಿದ್ದರೆ ಅದು ಸರಿಯಲ್ಲ. 1973ರಲ್ಲಿ ವಿಲಿಯಂ ಮಾರ್ಸ್ಲೆನ್ ವಿಲ್ಸನ್ ಎಂಬ ಮನೋವಿಜ್ಞಾನಿ ಇದನ್ನು ಬಹಳ ಸರಳವಾಗಿ ತೋರಿಸಿದರು. ಕಿವಿಗೆ ಹೆಡ್‌ಫೋನ್ ಹಾಕಿಕೊಂಡವರು ಕೇಳಿಬರುತ್ತಿರುವ ಗದ್ಯವನ್ನು ಆಗಿಂದಾಗಲೇ ತಾವೂ ಹೇಳುತ್ತಾ ಹೋಗಬೇಕು. ಕೆಲವರು ಮೂಲ ಮಾತಿಗಿಂತ ಬರೀ 250 ಮಿಲಿಸೆಕೆಂಡ್, ಅಂದರೆ ಕಾಲು ಸೆಕೆಂಡ್ ಹಿಂದಿದ್ದರು. ಕೇಳಿದ ಸದ್ದನ್ನು ಗಿಳಿಯಂತೆ ಒಪ್ಪಿಸುತ್ತಿದ್ದಾರೆ ಎನ್ನೋಣವೇ? ಅಲ್ಲ. ಅವರು ತಪ್ಪಿದಾಗ ತಪ್ಪುಗಳು ಕೂಡ ವ್ಯಾಕರಣಕ್ಕೂ ಅರ್ಥಕ್ಕೂ ಹೊಂದುವಂತಿದ್ದವು. ಮುಂದಿನ ಪ್ರಯೋಗಗಳಲ್ಲಿ ಬೇಕೆಂದೇ ಪದವೊಂದರ ಉಚ್ಚಾರಣೆ ಕೆಡಿಸಿ ಕೇಳಿಸಿದರೆ, ಅನೇಕ ಸಲ ತಮಗೇ ತಿಳಿಯದಂತೆ ಅದನ್ನು ತಿದ್ದಿ ಹೇಳಿಬಿಡುತ್ತಿದ್ದರು. ಹಾಗಾದರೆ ಸದ್ದು, ಪದ, ವ್ಯಾಕರಣ, ಅರ್ಥ ಇಷ್ಟೂ ಆ ಕಾಲು ಸೆಕೆಂಡಿನೊಳಗೇ ಒಂದರೊಡನೊಂದು ಮಾತಾಡಿಕೊಂಡಿರಬೇಕು.

ಅದನ್ನು ಮಿದುಳಿನಲ್ಲೇ ಹಿಡಿದವರು ಮಾರ್ಟಾ ಕುಟಾಸ್ ಮತ್ತು ಸ್ಟೀವನ್ ಹಿಲ್ಯಾರ್ಡ್. ಸ್ಯಾನ್ ಡಿಯೇಗೊದಲ್ಲಿರುವ ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದವರು. 1980ರ ‘ಸೈನ್ಸ್’ ಪತ್ರಿಕೆಯಲ್ಲಿ ಅವರ ವರದಿ ಪ್ರಕಟವಾಯಿತು. ನೆತ್ತಿಗೆ ವಿದ್ಯುದ್ವಾರಗಳನ್ನು ಅಂಟಿಸಿಕೊಂಡು ಕುಳಿತವರ ಎದುರು ಪರದೆಯ ಮೇಲೆ ಒಂದೊಂದೇ ಪದ ಮೂಡುತ್ತದೆ. ವಾಕ್ಯ ಸಹಜವಾಗಿ ಸಾಗಿ, ಕೊನೆಯ ಪದದಲ್ಲಿ ದಾರಿ ತಪ್ಪುತ್ತದೆ. ಬಿಸಿ ಬ್ರೆಡ್ಡಿಗೆ ಅವನು ಬೆಣ್ಣೆ ಸವರಿದ ಎನ್ನಬೇಕಾದಲ್ಲಿ ಕಾಲುಚೀಲ ಸವರಿದ ಎಂದು ಬರುತ್ತದೆ. ಆ ಪದ ಕಂಡ ಸುಮಾರು 400 ಮಿಲಿಸೆಕೆಂಡಿಗೆ ಮಿದುಳಿನ ವಿದ್ಯುತ್ ಅಲೆ ಋಣ ದಿಕ್ಕಿಗೆ ಸ್ಪಷ್ಟವಾಗಿ ವಾಲುತ್ತಿತ್ತು. ಅದಕ್ಕೇ ಆ ಅಲೆಗೆ ಎನ್-400 ಎಂದು ಹೆಸರು. ಅರ್ಥ ಸರಿಯಿದ್ದು ಅಕ್ಷರದ ಗಾತ್ರ ಮಾತ್ರ ದಿಢೀರನೆ ದೊಡ್ಡದಾದರೆ ಈ ಅಲೆ ಬರುತ್ತಿರಲಿಲ್ಲ. ಬೇರೊಂದು ಅಲೆ, ಧನ ದಿಕ್ಕಿನದು, ಬರುತ್ತಿತ್ತು. ಬರೀ ಬೆರಗಿಗೆ ಒಂದು ಗುರುತು, ಅರ್ಥ ಕೂಡದಿರುವುದಕ್ಕೆ ಇನ್ನೊಂದು ಗುರುತು.

ಎನ್-400 ಅಸಂಬದ್ಧ ಮಾತಿಗೆ ಮಾತ್ರ ಮೀಸಲಲ್ಲ ಎಂದು ಆಮೇಲೆ ಗೊತ್ತಾಯಿತು. ಪ್ರತಿ ಪದಕ್ಕೂ ಅದು ಏಳುತ್ತದೆ. ಪದ ನಿರೀಕ್ಷಿತವಾದಷ್ಟೂ ಚಿಕ್ಕದು, ಅನಿರೀಕ್ಷಿತವಾದಷ್ಟೂ ದೊಡ್ಡದು. ಎಂದರೆ ಮಿದುಳು ಮುಂದಿನ ಪದಕ್ಕೆ ಸದಾ ಅಣಿಯಾಗಿಯೇ ಇರುತ್ತದೆ. ವ್ಯಾಕರಣ ತಪ್ಪಿದಾಗ, ನಮ್ಮಲ್ಲಿ ‘ಹುಡುಗಿ ಬಂದನು’ ಎಂದಂಥ ಸಂದರ್ಭದಲ್ಲಿ, ಏಳುವ ಅಲೆಯೇ ಬೇರೆ. ಅದು ಸುಮಾರು 600 ಮಿಲಿಸೆಕೆಂಡಿಗೆ, ಧನ ದಿಕ್ಕಿಗೆ. 1992ರಲ್ಲಿ ಅಮೆರಿಕದಲ್ಲಿ ಲೀ ಆಸ್ಟರ್‌ಹೌಟ್ ಮತ್ತು ಫಿಲಿಪ್ ಹೋಲ್ಕಂಬ್ ಇಂಗ್ಲಿಷ್ ವಾಕ್ಯಗಳಲ್ಲಿ, ಮರುವರ್ಷ ನೆದರ್ಲೆಂಡ್ಸಿನಲ್ಲಿ ಪೀಟರ್ ಹಾಗೋರ್ಟ್ ಮತ್ತು ಸಂಗಡಿಗರು ಡಚ್ ವಾಕ್ಯಗಳಲ್ಲಿ ಅದನ್ನು ಕಂಡರು. ಎರಡು ಅಲೆಗಳೆಂದರೆ ಒಂದು ಅರ್ಥದ್ದು, ಇನ್ನೊಂದು ವ್ಯಾಕರಣದ್ದು ಎಂದು ಗೆರೆ ಎಳೆದಂತೆ ಹೇಳಿಬಿಡುವ ಆಸೆಯಾಗುತ್ತದೆ. ಮುಂದಿನ ವರ್ಷಗಳ ಕೆಲಸ ಆ ಗೆರೆಯನ್ನು ಅಲ್ಲಲ್ಲಿ ಅಳಿಸಿದೆ. ಅರ್ಥ ವಿಪರೀತವಾದ ಕೆಲವು ವಾಕ್ಯಗಳಲ್ಲೂ 600ರ ಅಲೆ ಏಳುತ್ತದೆ. ಆದರೂ ಇಬ್ಬಗೆಯ ಕೆಲಸ ನಡೆದಿದೆ ಎಂಬ ಮೂಲ ಸಂಗತಿ ಅಳಿದಿಲ್ಲ.

ಕ್ರಿಯಾಪದ ಕೊನೆಗೆ ಬಂದರೆ?

ಇಲ್ಲಿ ಕನ್ನಡಿಗರಿಗೆ ಸಹಜವಾಗಿ ಒಂದು ಪ್ರಶ್ನೆ ಏಳಬೇಕು. ಇಂಗ್ಲಿಷಿನಲ್ಲಿ ಕ್ರಿಯಾಪದ ಬೇಗ ಬರುತ್ತದೆ. ‘ತಿಂದ’ ಎಂದ ಮೇಲೆ ತಿನ್ನುವ ವಸ್ತುವನ್ನು ಊಹಿಸುವುದು ಸುಲಭ. ನಮ್ಮಲ್ಲಿ ಕ್ರಿಯಾಪದ ಎಲ್ಲಕ್ಕಿಂತ ಕೊನೆಗೆ. ಹಾಗಾದರೆ ಕನ್ನಡ ಕೇಳುವವರು ವಾಕ್ಯದ ಕೊನೆಯವರೆಗೂ ಏನೂ ತಿಳಿಯದೆ ಪದಗಳನ್ನು ಹೊತ್ತುಕೊಂಡು ಕಾಯುತ್ತಾರೆಯೇ?

ಇದಕ್ಕೆ ಉತ್ತರ ಬಂದದ್ದು ನಮ್ಮಂತೆಯೇ ಕ್ರಿಯಾಪದವನ್ನು ಕೊನೆಗಿಡುವ ಜಪಾನೀ ಭಾಷೆಯಿಂದ. ಯೂಕಿ ಕಮಿಡೆ, ಜೆರಿ ಆಲ್ಟ್‌ಮನ್ ಮತ್ತು ಸಾರಾ ಹೇವುಡ್ 2003ರಲ್ಲಿ ಪ್ರಕಟಿಸಿದ ಪ್ರಯೋಗವದು. ಪರದೆಯ ಮೇಲೆ ಒಂದು ಚಿತ್ರ: ಹೋಟೆಲಿನಲ್ಲಿ ಬಡಿಸುವ ಹೆಂಗಸು, ಗಿರಾಕಿ, ಒಂದು ಹ್ಯಾಂಬರ್ಗರ್. ಚಿತ್ರ ನೋಡುತ್ತಾ ವಾಕ್ಯ ಕೇಳುತ್ತಿದ್ದವರ ಕಣ್ಣು ಎತ್ತ ಹೊರಳುತ್ತದೆಂಬುದನ್ನು ಯಂತ್ರ ದಾಖಲಿಸುತ್ತಿತ್ತು. ಒಂದು ವಾಕ್ಯ ‘ಬಡಿಸುವವಳು ಗಿರಾಕಿಗೆ...’ ಎಂದು ಶುರುವಾಗುತ್ತದೆ. ಇನ್ನೊಂದು ‘ಬಡಿಸುವವಳು ಗಿರಾಕಿಯನ್ನು...’ ಎಂದು. ‘ಗೆ’ ಎಂಬುದಕ್ಕೆ ಸಮನಾದ ಪ್ರತ್ಯಯ ಕೇಳಿಸಿದ ಮೇಲೆ, ಹ್ಯಾಂಬರ್ಗರಿನ ಹೆಸರಾಗಲೀ ಕ್ರಿಯಾಪದವಾಗಲೀ ಬರುವ ಮೊದಲೇ ಕಣ್ಣುಗಳು ಹ್ಯಾಂಬರ್ಗರಿನ ಕಡೆ ಹೆಚ್ಚಾಗಿ ಹೋದವು. ‘ಅನ್ನು’ವಿಗೆ ಸಮನಾದ ಪ್ರತ್ಯಯ ಬಂದಾಗ ಹಾಗಾಗಲಿಲ್ಲ. ‘ಗಿರಾಕಿಗೆ’ ಎಂದರೆ ಏನನ್ನೋ ಕೊಡುತ್ತಾಳೆ. ಕೊಡುವಂಥದ್ದು ಚಿತ್ರದಲ್ಲಿ ಅದೊಂದೇ. ‘ಗಿರಾಕಿಯನ್ನು’ ಎಂದರೆ ಕರೆಯಬಹುದು, ರೇಗಿಸಬಹುದು. ತಿಂಡಿಯ ಮಾತು ಬರಲೇಬೇಕೆಂದಿಲ್ಲ.

ಈ ಪ್ರಯೋಗದ ವಿವರ ಓದಿದಾಗ ನನಗೆ ನಮ್ಮ ವಿಭಕ್ತಿ ಪ್ರತ್ಯಯಗಳ ಮೇಲೆ ಹೊಸ ಗೌರವ ಹುಟ್ಟಿತು. ಶಾಲೆಯಲ್ಲಿ ಉ, ಅನ್ನು, ಇಂದ, ಗೆ, ಅ, ಅಲ್ಲಿ ಎಂದು ರಾಗವಾಗಿ ಉರುಹೊಡೆದ ಆ ಪಟ್ಟಿ ಕೇಳುಗನ ತಲೆಯಲ್ಲಿ ಕ್ರಿಯಾಪದಕ್ಕೆ ಮುಂಚೆಯೇ ಜಾಗ ಕಾದಿರಿಸುತ್ತದೆ. ‘ಅತ್ತೆ ಮೊಮ್ಮಗನಿಗೆ’ ಎನ್ನುವಷ್ಟರಲ್ಲಿ ಕೊಡುವುದೋ ಹೇಳುವುದೋ ಬಡಿಸುವುದೋ ಒಂದು ಬರುತ್ತದೆಂದು ಮನಸ್ಸು ಸಿದ್ಧ. ‘ತುಪ್ಪ’ ಎಂದ ಮೇಲೆ ‘ಬಡಿಸಿದರು’ ಎಂಬ ಪದ ಬಾಯಿಂದ ಹೊರಡುವ ಹೊತ್ತಿಗೆ ಅದು ಹಳೆಯ ಸುದ್ದಿ. ಜರ್ಮನ್ ಭಾಷೆಯಲ್ಲಿ ಲಾರ್ಸ್ ಕೊನಿಯೆಚ್ನಿ, ಹಿಂದಿಯಲ್ಲಿ ಶ್ರವಣ್ ವಸಿಷ್ಠ ನಡೆಸಿದ ಓದಿನ ಪ್ರಯೋಗಗಳಲ್ಲಿ ಇದೇ ಸಂಗತಿ ಇನ್ನೊಂದು ರೂಪದಲ್ಲಿ ಕಂಡಿತು. ಕ್ರಿಯಾಪದಕ್ಕೆ ಮುಂಚೆ ಹೆಚ್ಚು ಪದಗಳಿದ್ದರೆ ಕೆಲವು ಬಗೆಯ ವಾಕ್ಯಗಳಲ್ಲಿ ಕ್ರಿಯಾಪದವನ್ನು ಓದಲು ಹೆಚ್ಚು ಹೊತ್ತು ಹಿಡಿಯುವ ಬದಲು ಕಡಿಮೆ ಹೊತ್ತು ಹಿಡಿಯಿತು. ಹೊರೆ ಹೆಚ್ಚಿದಂತೆ ಸುಳಿವೂ ಹೆಚ್ಚಿತ್ತು.

ಇಂಥ ಆತುರದ ಊಹೆಗೆ ಬೆಲೆಯೂ ಇದೆ. ಊಹೆ ತಪ್ಪಿದರೆ ಹಿಂದಕ್ಕೆ ಬಂದು ಮತ್ತೆ ಕಟ್ಟಬೇಕು. ಅಮೆರಿಕದ ಥಾಮಸ್ ಬೀವರ್ 1970ರಲ್ಲಿ ಕೊಟ್ಟ ‘ದ ಹಾರ್ಸ್ ರೇಸ್ಡ್ ಪಾಸ್ಟ್ ದ ಬಾರ್ನ್ ಫೆಲ್’ ಎಂಬ ವಾಕ್ಯ ಈ ಶಾಸ್ತ್ರದ ಪುಸ್ತಕಗಳಲ್ಲೆಲ್ಲ ಸಿಗುತ್ತದೆ. ಕುದುರೆ ಕೊಟ್ಟಿಗೆಯ ಪಕ್ಕದಲ್ಲಿ ಓಡಿತು ಎಂದು ತಿಳಿದು ಬಂದವರಿಗೆ ಕೊನೆಯ ‘ಬಿತ್ತು’ ಎಲ್ಲಿ ಸೇರಬೇಕೆಂದೇ ಹೊಳೆಯುವುದಿಲ್ಲ. ‘ಓಡಿಸಲಾದ ಕುದುರೆ ಬಿತ್ತು’ ಎಂದು ಹಿಂದಿರುಗಿ ಓದಿಕೊಳ್ಳಬೇಕು. ಲಿನ್ ಫ್ರೇಜಿಯರ್ ಮತ್ತು ಕೀತ್ ರೇನರ್ 1982ರಲ್ಲಿ ಇಂಥ ವಾಕ್ಯಗಳನ್ನು ಓದುವವರ ಕಣ್ಣನ್ನು ಅಳೆದರು. ದಾರಿ ತಪ್ಪಿದ್ದು ಗೊತ್ತಾಗುವ ಪದದಲ್ಲಿ ಕಣ್ಣು ಹೆಚ್ಚು ಹೊತ್ತು ನಿಲ್ಲುತ್ತಿತ್ತು. ಎಷ್ಟೋ ಸಲ ನೇರವಾಗಿ ಹಿಂದಿನ ಗೊಂದಲದ ಜಾಗಕ್ಕೇ ಮರಳುತ್ತಿತ್ತು.

ಕನ್ನಡದಲ್ಲಿ ಇಂಥ ದಾರಿತಪ್ಪುವ ವಾಕ್ಯ ಕಟ್ಟಲು ಕಷ್ಟಪಡಬೇಕಾಗಿಲ್ಲ. ‘ರಾಮಣ್ಣ ಸಾಲ ತೀರಿಸಿದ’ ಎಂಬಲ್ಲಿಗೆ ಆಡುಮಾತಿನಲ್ಲಿ ವಾಕ್ಯ ಮುಗಿದೇಹೋಯಿತು. ಸಾಲ ಇದ್ದವನು ರಾಮಣ್ಣ, ತೀರಿಸಿದವನೂ ಅವನೇ. ಈಗ ಮುಂದುವರಿಸಿ: ‘ರಾಮಣ್ಣ ಸಾಲ ತೀರಿಸಿದ ಮಗನನ್ನು ತಬ್ಬಿಕೊಂಡ.’ ‘ಮಗನನ್ನು’ ಬಂದ ತಕ್ಷಣ ಕಟ್ಟಿದ್ದೆಲ್ಲ ಕಳಚಿ, ತೀರಿಸಿದವನ ಜಾಗದಲ್ಲಿ ಮಗ ಬಂದು ಕೂರುತ್ತಾನೆ. ಆಡುಮಾತಿನಲ್ಲಿ ‘ತೀರಿಸಿದ’ ಎಂಬ ಒಂದೇ ರೂಪ ವಾಕ್ಯವನ್ನು ಮುಗಿಸಲೂ ಬಲ್ಲದು, ಮುಂದಿನ ನಾಮಪದಕ್ಕೆ ವಿಶೇಷಣವೂ ಆಗಬಲ್ಲದು. ಬಾಯಿಮಾತಿನಲ್ಲಿ ದನಿಯ ಏರಿಳಿತ ನಮ್ಮನ್ನು ಕಾಪಾಡುತ್ತದೆ. ಗ್ರಂಥಸ್ಥ ಭಾಷೆಯ ‘ತೀರಿಸಿದನು’ ಇದ್ದಲ್ಲಿ ಗೊಂದಲ ಏಳುವುದೇ ಇಲ್ಲ. ‘ನು’ ಇಲ್ಲದ ಬರಹದಲ್ಲಿ ಓದುಗ ಒಬ್ಬನೇ ಹೆಣಗಬೇಕು.

ಹೆಣಗಿದ ಮೇಲಾದರೂ ಸರಿಯಾದ ಅರ್ಥ ಮಾತ್ರ ಉಳಿಯುತ್ತದೆಯೇ? ಉಳಿಯುವುದಿಲ್ಲ ಎನ್ನುತ್ತದೆ ಕೀಲ್ ಕ್ರಿಶ್ಚಿಯನ್‌ಸನ್, ಫೆರ್ನಾಂಡಾ ಫೆರೇರಾ ಮತ್ತು ಸಂಗಡಿಗರ 2001ರ ಅಧ್ಯಯನ. ದಾರಿ ತಪ್ಪಿಸುವ ವಾಕ್ಯವನ್ನು ಓದಿ ಮುಗಿಸಿದವರು, ಸರಿಯಾದ ಅರ್ಥವನ್ನು ಒಪ್ಪಿಕೊಂಡ ಮೇಲೂ ಮೊದಲು ಹೊಳೆದ ತಪ್ಪು ಅರ್ಥವನ್ನೂ ನಿಜವೆಂದೇ ಹೇಳುತ್ತಿದ್ದರು. ಫೆರೇರಾ 2003ರಲ್ಲಿ ಇನ್ನೂ ಸರಳವಾದ ವಾಕ್ಯ ಕೊಟ್ಟು ನೋಡಿದರು. ಮನುಷ್ಯನಿಂದ ನಾಯಿ ಕಚ್ಚಲ್ಪಟ್ಟಿತು ಎಂಬ ಕರ್ಮಣಿ ಪ್ರಯೋಗದ ವಾಕ್ಯ. ಕಚ್ಚಿದವರು ಯಾರು ಎಂದು ಕೇಳಿದರೆ, ಓದುಬರಹ ಬಲ್ಲ ವಿದ್ಯಾರ್ಥಿಗಳಲ್ಲೂ ಹಲವರು ‘ನಾಯಿ’ ಎಂದರು. ವ್ಯಾಕರಣ ಹೇಳಿದ್ದನ್ನು ಲೋಕಾನುಭವ ತಳ್ಳಿಹಾಕಿತ್ತು. ಸಾಮಾನ್ಯವಾಗಿ ಕಚ್ಚುವುದು ನಾಯಿಯೇ ಅಲ್ಲವೇ? ಪತ್ರಿಕೆಯಲ್ಲಿ ಬರೆಯುವ ನಾವೆಲ್ಲ ನೆನಪಿಡಬೇಕಾದ ಸಂಗತಿ ಇದು. ಆರೋಪಿ ಯಾರು, ದೂರು ಕೊಟ್ಟವರು ಯಾರು ಎಂಬುದು ಗೋಜಲಾಗಿ ಅಚ್ಚಾದರೆ ಮರುದಿನದ ತಿದ್ದುಪಡಿ ಓದುಗನ ಮನಸ್ಸನ್ನು ಪೂರ್ತಿ ತೊಳೆಯಲಾರದು.

ಉದ್ದವಲ್ಲ, ಒಳಸುತ್ತು

ವಾಕ್ಯ ಕಷ್ಟವಾಗುವುದು ಅದು ಉದ್ದವಾದಾಗ ಎಂದು ಮೇಷ್ಟ್ರುಗಳೂ ಸಂಪಾದಕರೂ ಹೇಳುತ್ತಾ ಬಂದಿದ್ದಾರೆ. ಪೂರ್ತಿ ನಿಜವಲ್ಲ. ಹರಿಕಥೆಯ ದಾಸರು ಹೇಳುವ ಧಾಟಿಯಲ್ಲಿ ಕೇಳಿ: ‘ಬೆಳಗಾಗೆದ್ದು, ಹೊಳೆಗೆ ಹೋಗಿ, ಮಿಂದು, ಮಡಿಯುಟ್ಟು, ತುಳಸಿಗೆ ನೀರೆರೆದು, ಬಾಗಿಲಿಗೆ ಬಂದವರಿಗೆ ಒಂದು ಹಿಡಿ ಅಕ್ಕಿ ಹಾಕಿ, ಆಮೇಲೆ ತಾನು ಉಣ್ಣುತ್ತಿದ್ದಳು.’ ಇಷ್ಟುದ್ದದ ವಾಕ್ಯವನ್ನು ಮಗುವೂ ತಡೆಯಿಲ್ಲದೆ ಹಿಂಬಾಲಿಸುತ್ತದೆ. ಮಾಡುವವಳು ಒಬ್ಬಳೇ; ಒಂದು ಕೆಲಸ ಮುಗಿದ ಮೇಲೆ ಇನ್ನೊಂದು. ಅರ್ಧಕ್ಕೆ ನಿಂತ ಯಾವುದನ್ನೂ ನೆನಪಿನಲ್ಲಿ ಎತ್ತಿಟ್ಟುಕೊಳ್ಳಬೇಕಾಗಿಲ್ಲ.

ಇನ್ನು ಈ ಪುಟ್ಟ ವಾಕ್ಯ ನೋಡಿ: ‘ರಾಜು ಸುಮ ಗೀತ ಬಂದಳು ಅಂತ ಹೇಳಿದಳು ಅಂತ ನಂಬಿದ.’ ಎಂಟೇ ಪದ. ವ್ಯಾಕರಣದಲ್ಲಿ ತಪ್ಪಿಲ್ಲ. ಆದರೂ ಯಾರೂ ಹೀಗೆ ಮಾತಾಡುವುದಿಲ್ಲ. ಒಂದರ ಬೆನ್ನಿಗೆ ಒಂದು ಮೂರು ಹೆಸರು, ಮೂರೂ ಒಂದೇ ವಿಭಕ್ತಿಯಲ್ಲಿ, ಯಾರೊಬ್ಬರ ಕೆಲಸವೂ ಇನ್ನೂ ಗೊತ್ತಿಲ್ಲ. ಕ್ರಿಯಾಪದಗಳು ಬರತೊಡಗಿದಾಗ ಯಾವುದು ಯಾರದೆಂದು ಹುಡುಕುವಷ್ಟರಲ್ಲಿ ಹೆಸರುಗಳು ಒಂದರೊಳಗೊಂದು ಕಲಸಿಹೋಗುತ್ತವೆ. ಜಾರ್ಜ್ ಮಿಲ್ಲರ್ ಮತ್ತು ನೋಮ್ ಚಾಮ್‌ಸ್ಕಿ 1963ರಲ್ಲೇ ಇದನ್ನು ಎತ್ತಿ ತೋರಿಸಿದ್ದರು: ವಾಕ್ಯದ ಒಳಗೆ ವಾಕ್ಯ, ಅದರ ಒಳಗೆ ಇನ್ನೊಂದು ಎಂದು ಸುತ್ತಿದರೆ ವ್ಯಾಕರಣ ಒಪ್ಪಿದರೂ ಮನುಷ್ಯನ ನೆನಪು ಒಪ್ಪುವುದಿಲ್ಲ. ಒಂದೇ ಬಗೆಯ ನಾಮಪದಗಳು ಸಾಲಾಗಿ ಬಂದರೆ ಕಷ್ಟ ಇನ್ನೂ ಹೆಚ್ಚು ಎಂದು ಆಮೇಲಿನ ಸಂಶೋಧನೆ ತೋರಿಸಿತು. ಇದಕ್ಕೆ ಕನ್ನಡ ಮಾತುಗಾರ ತಾನಾಗಿಯೇ ಮದ್ದು ಕಂಡುಕೊಂಡಿದ್ದಾನೆ. ಒಳಗಿನದನ್ನು ಮೊದಲು ಮುಗಿಸುತ್ತಾನೆ: ‘ಗೀತ ಬಂದಳು ಅಂತ ಸುಮ ಹೇಳಿದ್ದನ್ನ ರಾಜು ನಂಬಿದ.’ ಎಲ್ಲವೂ ತಿಳಿಯಾಯಿತು.

ನಮ್ಮ ಕಚೇರಿ ಕನ್ನಡ ಈ ಮದ್ದನ್ನು ಮರೆತಿದೆ. ‘ಮೇಲ್ಕಾಣಿಸಿದ ವಿಷಯಕ್ಕೆ ಸಂಬಂಧಿಸಿದಂತೆ ಅರ್ಜಿದಾರರು ಉಲ್ಲೇಖಿತ ಆದೇಶದನ್ವಯ ತಹಶೀಲ್ದಾರರು ಸಲ್ಲಿಸಿರುವ ವರದಿಯಲ್ಲಿ ನಮೂದಿಸಲ್ಪಟ್ಟಿರುವ ಜಮೀನಿನ...’ ಎಂಬ ಧಾಟಿಯ ಕಾಗದ ಕೈಗೆ ಬಂದ ರೈತ ಅದನ್ನು ಇನ್ನೊಬ್ಬರಿಂದ ಓದಿಸುವುದು ಅಕ್ಷರ ಬಾರದ್ದಕ್ಕಲ್ಲ. ‘ಅರ್ಜಿದಾರರು’ ಎಂಬ ಪದ ತನ್ನ ಕ್ರಿಯಾಪದಕ್ಕಾಗಿ ನಾಲ್ಕು ಸಾಲು ಕಾಯುತ್ತದೆ; ನಡುವೆ ತಹಶೀಲ್ದಾರರು ಬಂದು ಅಡ್ಡ ನಿಲ್ಲುತ್ತಾರೆ; ಮೇಲೆ ‘ಅಲ್ಪಟ್ಟ’ ಪ್ರಯೋಗ ಮಾಡಿದವರನ್ನೇ ಮರೆಮಾಡುತ್ತದೆ. ಮಿದುಳು ಸೋಲುವ ಕಾರಣಗಳನ್ನೆಲ್ಲ ಒಂದೇ ವಾಕ್ಯದಲ್ಲಿ ಕೂಡಿಹಾಕಿದಂತಿದೆ. ಇದು ಅನ್ಯಾಯ. ಆಡಳಿತ ಭಾಷೆಯ ತರಬೇತಿಯಲ್ಲಿ ಪಾರಿಭಾಷಿಕ ಪದಗಳ ಪಟ್ಟಿಗಿಂತ ಮೊದಲು ಹೇಳಿಕೊಡಬೇಕಾದದ್ದು ವಾಕ್ಯ ಕಟ್ಟುವ ಕ್ರಮ.

ಮಕ್ಕಳು ಈ ಕ್ರಮವನ್ನು ಹೇಗೆ ಹಿಡಿಯುತ್ತಾರೆಂಬ ಪ್ರಶ್ನೆಯಲ್ಲಿ ಕನ್ನಡಕ್ಕೆ ಒಂದು ವಿಶೇಷ ಸ್ಥಾನವಿದೆ. ‘ಏರು’ವಿಗೆ ‘ಇಸು’ ಸೇರಿದರೆ ‘ಏರಿಸು’. ಒಬ್ಬರು ಇನ್ನೊಬ್ಬರಿಂದ ಮಾಡಿಸುತ್ತಿದ್ದಾರೆ ಎಂಬುದಕ್ಕೆ ಕನ್ನಡದಲ್ಲಿ ಇಷ್ಟು ಸ್ಪಷ್ಟವಾದ ಗುರುತಿದೆ. ಜೆಫ್ರಿ ಲಿಡ್ಜ್, ಹೆನ್ರಿ ಗ್ಲೈಟ್‌ಮನ್ ಮತ್ತು ಲೀಲಾ ಗ್ಲೈಟ್‌ಮನ್ 2003ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ಮೂರು ವರ್ಷದ ಕನ್ನಡ ಮಕ್ಕಳಿಗೆ ಆಟಿಕೆ ಪ್ರಾಣಿಗಳನ್ನು ಕೊಟ್ಟು, ಕೇಳಿದ ವಾಕ್ಯವನ್ನು ಆಡಿ ತೋರಿಸಲು ಹೇಳಿದರು. ಮಕ್ಕಳು ‘ಇಸು’ವನ್ನು ನೆಚ್ಚಲಿಲ್ಲ. ವಾಕ್ಯದಲ್ಲಿ ಎಷ್ಟು ನಾಮಪದಗಳಿವೆ ಎಂದು ನೋಡಿದರು. ಎರಡಿದ್ದರೆ ಒಂದು ಇನ್ನೊಂದಕ್ಕೆ ಏನೋ ಮಾಡಿಸಿತು. ಒಂದೇ ಇದ್ದರೆ ತಾನಾಗಿ ಮಾಡಿತು. ಮನೆಯಲ್ಲಿ ದಿನವೂ ಕೇಳುವ, ನೆಚ್ಚಬಹುದಾದ ಗುರುತನ್ನು ಬಿಟ್ಟು ವಾಕ್ಯದ ಆಕಾರವನ್ನೇ ಮೊದಲು ಹಿಡಿದದ್ದು, ಆ ಒಲವು ಮಗುವಿನಲ್ಲೇ ಮೊದಲಿನಿಂದ ಇದೆ ಎಂಬುದಕ್ಕೆ ಬಲವಾದ ಸಾಕ್ಷಿ ಎಂದು ಅವರು ವಾದಿಸಿದರು. ನನಗೂ ಆ ವಾದ ಒಪ್ಪಿಗೆ.

ಮೂರನೆಯ ಸಲ ಸಿಟ್ಟಾದ ರೋಗಿ

ಈಗ, ಮೊದಲು ಹೇಳಿದಂತೆ, ವ್ಯಾಕರಣ ಕೈಕೊಟ್ಟವರ ವಿಷಯ. 1861ರ ಏಪ್ರಿಲ್. ಪ್ಯಾರಿಸ್ ಹೊರವಲಯದ ಬಿಸೆತ್ರ್ ಆಸ್ಪತ್ರೆಯಲ್ಲಿ ಪಾಲ್ ಬ್ರೊಕಾ ಎಂಬ ಶಸ್ತ್ರವೈದ್ಯನ ಎದುರು ಲೆಬೋರ್ನ್ ಎಂಬ 51 ವರ್ಷದ ರೋಗಿ. ಕಾಲು ಕೊಳೆಯುತ್ತಿತ್ತು. ಅವನ ಬಾಯಿಂದ ‘ತಾನ್’ ಎಂಬುದರ ಹೊರತು ಬೇರೆ ಮಾತು ಬರುವುದೇ ಅಪರೂಪ. ಎಷ್ಟು ವರ್ಷದಿಂದ ಇಲ್ಲಿದ್ದೀ ಎಂದು ಬ್ರೊಕಾ ಕೇಳಿದ. ಲೆಬೋರ್ನ್ ಎಡಗೈಯನ್ನು ನಾಲ್ಕು ಸಲ ಬಿಚ್ಚಿ ಮುಚ್ಚಿ, ಆಮೇಲೆ ಒಂದು ಬೆರಳು ತೋರಿಸಿದ. ಇಪ್ಪತ್ತೊಂದು. ಲೆಕ್ಕ ಸರಿಯಾಗಿತ್ತು. ಮರುದಿನ ಕೇಳಿದಾಗಲೂ ಅದೇ ಉತ್ತರ. ಮೂರನೆಯ ಸಲ ಅದೇ ಪ್ರಶ್ನೆ ಬಂದಾಗ, ಇವರು ತನ್ನನ್ನು ಪರೀಕ್ಷಿಸುತ್ತಿದ್ದಾರೆಂದು ತಿಳಿದು ಅವನಿಗೆ ಸಿಟ್ಟು ಬಂತು. ಕೆಲವೇ ದಿನಗಳಲ್ಲಿ, ಏಪ್ರಿಲ್ 17ರಂದು ಅವನು ತೀರಿಕೊಂಡ. ಎಡಗಡೆಯ ಮುಂಮಿದುಳಿನಲ್ಲಿ ಬ್ರೊಕಾ ಕಂಡ ಗಾಯದ ಜಾಗ ಇಂದಿಗೂ ಬ್ರೊಕಾನ ಹೆಸರಿನಲ್ಲಿದೆ. ಮಿದುಳನ್ನು ಪ್ಯಾರಿಸ್ಸಿನಲ್ಲಿ ಕಾಪಾಡಿ ಇಡಲಾಗಿತ್ತು. ನೀನಾ ಡ್ರಾಂಕರ್ಸ್ ಮತ್ತು ಸಂಗಡಿಗರು ಅದರ ಎಂಆರ್‌ಐ ಮಾಡಿ 2007ರಲ್ಲಿ ವರದಿ ಕೊಟ್ಟರು. ಗಾಯ ಬ್ರೊಕಾ ಹೊರಗಿನಿಂದ ಕಂಡದ್ದಕ್ಕಿಂತ ಬಹಳ ಒಳಗೆ ಹಬ್ಬಿತ್ತು.

ಮಾತು ಹೋದರೂ ಇಂಥವರಿಗೆ ಹೇಳಿದ್ದೆಲ್ಲ ಅರ್ಥವಾಗುತ್ತದೆ ಎಂಬ ನಂಬಿಕೆ ನೂರು ವರ್ಷಕ್ಕೂ ಮಿಕ್ಕಿ ಉಳಿಯಿತು. ಆಲ್ಫಾನ್ಸೊ ಕಾರಾಮಾಝ ಮತ್ತು ಎಡ್ಗರ್ ಜ್ಯೂರಿಫ್ 1976ರಲ್ಲಿ ಅದನ್ನು ಒರೆಗೆ ಹಚ್ಚಿದರು. ‘ಹುಡುಗ ತಿನ್ನುತ್ತಿರುವ ಸೇಬು ಕೆಂಪಗಿದೆ’ ಎಂದು ಹೇಳಿ ಎರಡು ಚಿತ್ರ ತೋರಿಸಿದರೆ ಬ್ರೊಕಾ ಬಗೆಯ ರೋಗಿಗಳು ಸರಿಯಾದದ್ದನ್ನೇ ಆರಿಸಿದರು. ‘ಹುಲಿ ಅಟ್ಟಿಸಿಕೊಂಡು ಹೋಗುತ್ತಿರುವ ಸಿಂಹ ದಪ್ಪಗಿದೆ’ ಎಂದಾಗ ಯಾರು ಯಾರನ್ನು ಅಟ್ಟಿಸಿದರೆಂದು ತಿಳಿಯದೆ ಕಣ್ಣುಮುಚ್ಚಿ ಬೆರಳಿಟ್ಟಂತೆ ಉತ್ತರಿಸಿದರು. ಸೇಬು ಹುಡುಗನನ್ನು ತಿನ್ನುವುದಿಲ್ಲ. ಅಲ್ಲಿ ಲೋಕಾನುಭವ ನೆರವಿಗೆ ಬಂತು. ಹುಲಿ ಸಿಂಹಗಳ ವಿಷಯದಲ್ಲಿ ವ್ಯಾಕರಣವೊಂದೇ ದಿಕ್ಕು, ಅದೇ ಅವರಲ್ಲಿ ಘಾಸಿಗೊಂಡಿತ್ತು. ಈ ಕೆಲಸ ಬ್ರೊಕಾ ಜಾಗವೊಂದರಲ್ಲೇ ನಡೆಯುವುದಿಲ್ಲ, ಎಡ ಮಿದುಳಿನ ಮುಂಭಾಗ ಮತ್ತು ಕಿವಿಯ ಮೇಲ್ಗಡೆಯ ಭಾಗಗಳನ್ನು ಬೆಸೆದ ಒಂದು ಜಾಲದಲ್ಲಿ ನಡೆಯುತ್ತದೆ ಎಂದು ಈಗ ತಿಳಿದಿದೆ. ಎವ್ಲೀನಾ ಫೆಡೊರೆಂಕೊ ತಂಡ 2022ರಲ್ಲಿ 12 ಭಾಷಾ ಕುಟುಂಬಗಳ 45 ಭಾಷೆಗಳ ಜನರನ್ನು ಸ್ಕ್ಯಾನ್ ಮಾಡಿ ನೋಡಿದಾಗ, ನಮ್ಮ ದ್ರಾವಿಡ ಕುಟುಂಬದವರೂ ಸೇರಿ, ಎಲ್ಲರಲ್ಲೂ ಬಹುಮಟ್ಟಿಗೆ ಅದೇ ಜಾಲ ಕಂಡಿತು.

ಹಾಗಾದರೆ ವಾಕ್ಯ ಕಟ್ಟುವ, ಬಿಡಿಸುವ ಶಕ್ತಿ ಹೋದರೆ ಯೋಚಿಸುವ ಶಕ್ತಿಯೂ ಹೋಯಿತೇ? ಈ ಪ್ರಶ್ನೆಗೆ ನಾನು ಕಂಡ ಅತ್ಯಂತ ಗಟ್ಟಿಯಾದ ಉತ್ತರ ರೋಸ್‌ಮೇರಿ ವಾರ್ಲಿ ಮತ್ತು ಸಂಗಡಿಗರು 2005ರಲ್ಲಿ ಪ್ರಕಟಿಸಿದ್ದು. ತೀವ್ರ ಅಫೇಸಿಯಾ, ಅಂದರೆ ಮಿದುಳಿಗೆ ಪೆಟ್ಟಾಗಿ ಭಾಷೆ ಕೆಡುವ ತೊಂದರೆ, ಇದ್ದ ಮೂವರು ಗಂಡಸರು. ಯಾರು ಯಾರಿಗೆ ಮಾಡಿದರು ಎಂಬುದು ಅದಲುಬದಲಾಗಬಹುದಾದ ವಾಕ್ಯಗಳು ಅವರಿಗೆ ತಿಳಿಯುತ್ತಿರಲಿಲ್ಲ. ಆದರೆ ಲೆಕ್ಕದಲ್ಲಿ ಯಾವುದರಿಂದ ಯಾವುದನ್ನು ಕಳೆಯಬೇಕು ಎಂಬ ಅದಲುಬದಲು ಅವರಿಗೆ ಸ್ಪಷ್ಟವಿತ್ತು. 59ರಲ್ಲಿ 13 ಕಳೆಯುವುದೂ 13ರಲ್ಲಿ 59 ಕಳೆಯುವುದೂ ಬೇರೆ ಎಂದು ಬಲ್ಲವರಾಗಿದ್ದರು. ಆವರಣ ಚಿಹ್ನೆಗಳಿದ್ದ ಲೆಕ್ಕಗಳನ್ನೂ ಬಿಡಿಸಿದರು. ವಾಕ್ಯ ಮುರಿದಿತ್ತು, ಬುದ್ಧಿ ಮುರಿದಿರಲಿಲ್ಲ.

ಮೈಸೂರಿನ ಮಾನಸಗಂಗೋತ್ರಿಯಲ್ಲಿ 1960ರ ದಶಕದಲ್ಲಿ ಶುರುವಾದ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆ, ಎಲ್ಲರ ಬಾಯಲ್ಲಿ ‘ಆಯಿಷ್’, ನಮ್ಮಲ್ಲಿ ಇಂಥ ರೋಗಿಗಳ ಪರೀಕ್ಷೆ, ಚಿಕಿತ್ಸೆಯ ಮುಖ್ಯ ನೆಲೆ. ಪ್ರತಿಭಾ ಕಾರಂತ ಕನ್ನಡಕ್ಕೆಂದೇ ಭಾಷಾ ಪರೀಕ್ಷೆಯೊಂದನ್ನು ರೂಪಿಸಿದರು. ಹೊರದೇಶದ ಅಫೇಸಿಯಾ ಪರೀಕ್ಷೆಗಳ ಕನ್ನಡ ರೂಪಗಳೂ ಬಂದಿವೆ. ಅಂಥ ಒಂದು ಪರೀಕ್ಷೆಯಲ್ಲಿ ಮೇಜಿನ ಮೇಲೆ ಮೂರು ವಸ್ತು ಇಡುತ್ತಾರೆ: ಪೆನ್ನು, ಬಾಚಣಿಗೆ, ಪುಸ್ತಕ. ‘ಪುಸ್ತಕ ತೋರಿಸಿ’ ಎಂದರೆ ರೋಗಿ ತೋರಿಸುತ್ತಾರೆ. ‘ಪೆನ್ನಿನಿಂದ ಪುಸ್ತಕವನ್ನು ತೋರಿಸಿ’ ಎಂದರೂ ಹಲವರು ಮಾಡಿಯಾರು, ಏಕೆಂದರೆ ಪೆನ್ನು ಹಿಡಿದು ತೋರಿಸುವುದು ವಾಡಿಕೆ. ‘ಪುಸ್ತಕದಿಂದ ಪೆನ್ನನ್ನು ತೋರಿಸಿ’ ಎಂದಾಗ ಕೈ ಮುಂದೆ ಬಂದು, ನಿಂತು, ಪೆನ್ನಿನತ್ತ ಹೋಗಿ, ಹಿಂದೆ ಸರಿಯುತ್ತದೆ. ಪಕ್ಕದಲ್ಲಿ ಕುಳಿತ ಮನೆಯವರು ‘ಇಷ್ಟೂ ಗೊತ್ತಾಗಲ್ವಾ?’ ಎಂದು ಬಾಯಿಬಿಡುವ ಕ್ಷಣ ಅದು. ‘ಇಂದ’, ‘ಅನ್ನು’ ಎಂಬ ಎರಡು ಪುಟ್ಟ ಪ್ರತ್ಯಯಗಳನ್ನು ಹಿಡಿಯಲು ಆ ಮಿದುಳು ಪಡುತ್ತಿರುವ ಪಾಡು ಅವರಿಗೆ ಕಾಣುವುದಿಲ್ಲ.

ಲಕ್ವ ಹೊಡೆದು ಮಾತು ತೊಡರಿದವರು ನಿಮ್ಮ ಮನೆಯಲ್ಲೋ ಬೀದಿಯಲ್ಲೋ ಇದ್ದರೆ ದಯವಿಟ್ಟು ಇಷ್ಟು ಮಾಡಿ. ಟೀವಿ ಆರಿಸಿ, ಎದುರಿಗೆ ಕೂತು ಮಾತಾಡಿ. ಒಂದು ವಾಕ್ಯದಲ್ಲಿ ಒಂದೇ ವಿಷಯ ಹೇಳಿ. ‘ನಿನ್ನೆ ಚಿಕ್ಕಪ್ಪ ಕೊಟ್ಟ ಕಾಗದ ಇಟ್ಟಿರೋ ಬೀರು ಬೀಗದ ಕೈ ಎಲ್ಲಪ್ಪ?’ ಎನ್ನುವ ಬದಲು ‘ಅಪ್ಪ, ಬೀರು ತೆಗೀಬೇಕು. ಬೀಗದ ಕೈ ಎಲ್ಲಿದೆ, ತೋರಿಸಿ’ ಎನ್ನಿ. ಹೇಳಿದ ಮೇಲೆ ಕಾಯಿರಿ. ಅವಸರದಲ್ಲಿ ಅದನ್ನೇ ಬೇರೆ ಪದಗಳಲ್ಲಿ ಮತ್ತೆ ಹೇಳಿದರೆ ಅವರು ಬಿಡಿಸುತ್ತಿದ್ದ ವಾಕ್ಯ ಕೆಡುತ್ತದೆ. ಹೌದು, ಅಲ್ಲ ಎಂದು ತಲೆಯಾಡಿಸಿ ಉತ್ತರಿಸಬಹುದಾದ ಪ್ರಶ್ನೆ ಕೇಳಿ. ಅವರ ಎದುರೇ ‘ಇವರಿಗೆ ಏನೂ ತಿಳಿಯಲ್ಲ’ ಎಂದು ಬಂದವರಿಗೆ ಹೇಳಬೇಡಿ, ಮಗುವಿನೊಡನೆ ಆಡುವ ದನಿಯಲ್ಲಿ ಮಾತಾಡಬೇಡಿ. ಪೆನ್ಷನ್ ಲೆಕ್ಕ, ಮಗಳ ಮದುವೆ, ಹೊಲದ ಬಿತ್ತನೆಯಂಥ ವಿಷಯಗಳಲ್ಲಿ ಅವರ ಅಭಿಪ್ರಾಯ ಕೇಳುವುದನ್ನು ನಿಲ್ಲಿಸಬೇಡಿ. ಮೈಸೂರಿನ ಆಯಿಷ್, ಬೆಂಗಳೂರಿನ ನಿಮ್ಹಾನ್ಸ್ ಅಥವಾ ಹತ್ತಿರದ ದೊಡ್ಡ ಆಸ್ಪತ್ರೆಯಲ್ಲಿ ವಾಕ್ ಚಿಕಿತ್ಸಕರಿದ್ದರೆ ತಡಮಾಡದೆ ಕರೆದುಕೊಂಡು ಹೋಗಿ, ಮತ್ತು ಚಿಕಿತ್ಸೆ ಅವರು ಮನೆಯಲ್ಲಿ ಆಡುತ್ತಿದ್ದ ಭಾಷೆಯಲ್ಲೇ ನಡೆಯಲಿ ಎಂದು ಕೇಳಿಕೊಳ್ಳಿ.